ತನ್ನ ಹೆಸರನ್ನೇ ಕಳೆದುಕೊಂಡ ನುಡಿಯ ಕತೆ

ನೇಪಾಳದ ಭಾಷೆ ಯಾವುದು ಎಂದು ಯಾರಾದರೂ ಕೇಳಿದರೆ ನೀವು ಥಟ್ಟನೆ 'ನೇಪಾಳಿ' ಎನ್ನುತ್ತೀರಿ. ಪರೀಕ್ಷೆಯಲ್ಲಿ ಹಾಗೆ ಬರೆದರೆ ಪೂರ್ತಿ ಅಂಕವೂ ಸಿಗುತ್ತದೆ. ಆದರೆ ಅದೇ ನೇಪಾಳದ ರಾಜಧಾನಿ ಕಠ್ಮಂಡುವಿನಲ್ಲಿ 'ನೇಪಾಳ ಭಾಷೆ' ಎಂಬ ಇನ್ನೊಂದು ಭಾಷೆ ಇದೆ. ಅದು ನೇಪಾಳಿ ಅಲ್ಲ. ನೇಪಾಳಿಯ ಉಪಭಾಷೆಯೂ ಅಲ್ಲ. ನೇಪಾಳಿ ಹಿಂದಿಯ ನಂಟಿನ, ಆರ್ಯ ಕುಲದ ನುಡಿ. ನೇಪಾಳ ಭಾಷೆ ಟಿಬೆಟ್, ಬರ್ಮಾ ಕಡೆಯ ನುಡಿಗಳ ಬಳಗಕ್ಕೆ ಸೇರಿದ್ದು. ಕನ್ನಡ ಮತ್ತು ಹಿಂದಿ ಹೇಗೆ ಬೇರೆ ಬೇರೆ ಕುಲವೋ ಇವೆರಡೂ ಹಾಗೆಯೇ.

ಹಾಗಾದರೆ ಒಂದು ದೇಶದ ಹೆಸರು ಹೊತ್ತ ಭಾಷೆ ಆ ದೇಶದ ಆಡಳಿತ ಭಾಷೆ ಆಗಲಿಲ್ಲ ಯಾಕೆ? ಬೇರೆಲ್ಲಿಂದಲೋ ಬಂದ ಭಾಷೆ ಆ ಹೆಸರನ್ನು ತನ್ನದು ಮಾಡಿಕೊಂಡಿದ್ದು ಹೇಗೆ? ಈ ಕತೆ ನಿಮಗೆ ಗೊತ್ತಿರಬೇಕು. ಹಿಮಾಲಯದ ತಪ್ಪಲಿನ ಒಂದು ಸಣ್ಣ ಕಣಿವೆಯ ಕತೆ ನಮಗೇಕೆ ಎಂದು ಮೂಗು ಮುರಿಯಬೇಡಿ. ಕೊನೆಯವರೆಗೆ ಕೇಳಿ.

ಕಣಿವೆಯೇ ನೇಪಾಳವಾಗಿತ್ತು

ಇವತ್ತು ಭೂಪಟದಲ್ಲಿ ಕಾಣುವ ಉದ್ದನೆಯ ನೇಪಾಳ ಸುಮಾರು ಎರಡೂವರೆ ಶತಮಾನದ ಹಿಂದೆ ಇರಲಿಲ್ಲ. ಆಗ ನೇಪಾಳ ಎಂದರೆ ಕಠ್ಮಂಡು ಕಣಿವೆ, ಅಷ್ಟೇ. ಕಣಿವೆಯಲ್ಲಿ ಮೂರು ದೊಡ್ಡ ಊರು: ಕಠ್ಮಂಡು, ಪಾಟನ್, ಭಕ್ತಪುರ. ಇವು ಹೊರಗಿನವರ ಬಾಯಿಯ ಹೆಸರುಗಳು. ಅಲ್ಲಿನ ಜನ ತಮ್ಮ ನುಡಿಯಲ್ಲಿ ಕರೆಯುವುದು ಯೆಂ, ಯಲ, ಖ್ವಪ ಎಂದು. ಆ ಜನರೇ ನೇವಾರರು. 'ನೇಪಾಳ' ಮತ್ತು 'ನೇವಾರ' ಒಂದೇ ಪದದ ಎರಡು ರೂಪಗಳು ಎನ್ನುತ್ತಾರೆ ಪಂಡಿತರು. ಕಣಿವೆಯ ಆಚೆ ಬೆಟ್ಟದ ಹಳ್ಳಿಗಳವರು ಇಪ್ಪತ್ತನೆಯ ಶತಮಾನದಲ್ಲೂ ಕಠ್ಮಂಡುವಿಗೆ ಹೊರಟರೆ 'ನೇಪಾಳಕ್ಕೆ ಹೋಗಿಬರ್ತೀನಿ' ಎಂದೇ ಹೇಳುತ್ತಿದ್ದರು.

ಈ ಕಣಿವೆಯ ಬರಹದ ಇತಿಹಾಸ ಬಹಳ ಹಳೆಯದು. ಚಾಂಗು ನಾರಾಯಣ ದೇವಸ್ಥಾನದಲ್ಲಿ ರಾಜ ಮಾನದೇವನ ಶಾಸನ ಇದೆ, ಕ್ರಿ.ಶ. 464ರದ್ದು. ಅದು ಸಂಸ್ಕೃತದಲ್ಲಿದೆ. ಆದರೆ ಆ ಕಾಲದ ಶಾಸನಗಳಲ್ಲಿ ಬರುವ ಊರು, ಹಳ್ಳ, ಹೊಲಗಳ ಹೆಸರು ನೋಡಿ, ಬಹಳಷ್ಟು ಸಂಸ್ಕೃತವಲ್ಲ. ಅರಮನೆ ಸಂಸ್ಕೃತ ಬರೆಯುತ್ತಿತ್ತು, ಹೊಲದಲ್ಲಿದ್ದವನು ತನ್ನ ನುಡಿ ಆಡುತ್ತಿದ್ದ. ಕೊನೆಗೆ ಹೊಲದ ನುಡಿ ಬರಹಕ್ಕೂ ಬಂತು. ಪಾಟನ್ನಿನ ಒಂದು ಬೌದ್ಧ ವಿಹಾರದ ತಾಳೆಗರಿಯಲ್ಲಿ ಕ್ರಿ.ಶ. 1114ರ ನೇಪಾಳ ಭಾಷೆಯ ಬರಹ ಸಿಕ್ಕಿದೆ. ಅಂದರೆ ಒಂಬತ್ತುನೂರು ವರ್ಷ ದಾಟಿದ ಬರಹದ ಬಾಳು. ಆ ಜನಕ್ಕೆ ತಮ್ಮದೇ ಲಿಪಿಗಳಿದ್ದವು. ಅವುಗಳಲ್ಲಿ ಚೆಲುವಾದದ್ದು ರಂಜನಾ. ಟಿಬೆಟ್ಟಿನ ಮಠಗಳ ಗೋಡೆಗಳ ಮೇಲೂ ಅದು ಕಾಣುತ್ತದೆ. ತಮ್ಮದೇ ಶಕೆಯೂ ಇತ್ತು. 'ನೇಪಾಳ ಸಂವತ್' ಶುರುವಾದದ್ದು ಕ್ರಿ.ಶ. 879ರಲ್ಲಿ. ಜನರ ಸಾಲವನ್ನೆಲ್ಲ ತೀರಿಸಿ ಶಂಖಧರ ಸಾಖ್ವಾ ಎಂಬ ಸಾಮಾನ್ಯ ವರ್ತಕ ಈ ಶಕೆ ಆರಂಭಿಸಿದನೆಂದು ಐತಿಹ್ಯ. ರಾಜನ ಪಟ್ಟಾಭಿಷೇಕದಿಂದಲ್ಲ, ಬಡವರ ಸಾಲ ತೀರಿದ ದಿನದಿಂದ ವರ್ಷ ಎಣಿಸುವ ಜನ! ಇದು ಐತಿಹ್ಯವೇ ಇರಲಿ, ಒಂದು ಜನ ತಮ್ಮ ಬಗ್ಗೆ ಯಾವ ಕತೆ ಹೇಳಿಕೊಳ್ಳುತ್ತಾರೆ ಎಂಬುದೂ ಇತಿಹಾಸವೇ.

ಈ ಕಣಿವೆಯ ಕೈಕಸುಬಿಗೆ ಲೋಕ ತಲೆದೂಗಿತ್ತು. 1260ರಲ್ಲಿ ಅರನಿಕೊ ಎಂಬ ಹದಿಹರೆಯದ ಶಿಲ್ಪಿ ಎಂಬತ್ತು ಜನ ಕುಶಲಕರ್ಮಿಗಳ ತಂಡದ ಮುಖಂಡನಾಗಿ ಟಿಬೆಟ್ಟಿಗೆ ಹೋದ. ಅಲ್ಲಿಂದ ಕುಬ್ಲಾಯ್ ಖಾನನ ಆಸ್ಥಾನ ಸೇರಿದ. ಬೀಜಿಂಗ್ ನಗರದಲ್ಲಿ ಇವತ್ತಿಗೂ ನಿಂತಿರುವ ಬಿಳಿಯ ಸ್ತೂಪ ಅವನ ಕೆಲಸ.

ಕರ್ನಾಟ ವಂಶದ ಪ್ರಸಂಗ

ಇಲ್ಲಿ ನಮಗೆ ನೇರವಾಗಿ ತಾಗುವ ಒಂದು ವಿಷಯ ಇದೆ. 1097ರಲ್ಲಿ ನಾನ್ಯದೇವ ಎಂಬವನು ಮಿಥಿಲೆಯಲ್ಲಿ ರಾಜ್ಯ ಕಟ್ಟಿದ. ರಾಜಧಾನಿ ಸಿಮ್ರೌನ್‌ಗಢ, ಇಂದಿನ ನೇಪಾಳದ ತರಾಯಿ ಸೀಮೆಯಲ್ಲಿದೆ. ಅವನ ವಂಶಕ್ಕೆ 'ಕರ್ನಾಟ ವಂಶ' ಎಂದೇ ಹೆಸರು. ಕಲ್ಯಾಣದ ಚಾಲುಕ್ಯರು ಉತ್ತರಕ್ಕೆ ದಂಡು ಕಳಿಸಿದಾಗ ಹೋದ ಕನ್ನಡ ನಾಡಿನ ಸೇನಾನಿಗಳ ಪೈಕಿಯವರು ಇವರು ಎಂದು ಇತಿಹಾಸಕಾರರು ಊಹಿಸುತ್ತಾರೆ. ನಾನ್ಯದೇವ ಸಂಗೀತಶಾಸ್ತ್ರದ ಮೇಲೆ ಗ್ರಂಥ ಬರೆದ ಪಂಡಿತ. ಈ ವಂಶದ ಕೊನೆಯ ಅರಸ ಹರಿಸಿಂಹದೇವ. ದಿಲ್ಲಿಯ ಘಿಯಾಸುದ್ದೀನ್ ತುಘಲಕ್ ದಾಳಿ ಮಾಡಿದಾಗ ರಾಜಧಾನಿ ಬಿಟ್ಟು ಬೆಟ್ಟ ಹತ್ತಿದ, ದಾರಿಯಲ್ಲೇ ಸತ್ತ. ಅವನ ರಾಣಿ ದೇವಲದೇವಿ ಭಕ್ತಪುರ ಸೇರಿದಳು. ಅವಳ ಮೊಮ್ಮಗಳು ರಾಜಲ್ಲದೇವಿಯನ್ನು ಮದುವೆಯಾದವನೇ ಜಯಸ್ಥಿತಿ ಮಲ್ಲ. ಮುಂದೆ ಕಣಿವೆಯನ್ನಾಳಿದ ಮಲ್ಲ ಅರಸರು 'ನಾವು ಕರ್ನಾಟ ಕುಲದವರು' ಎಂದು ಹೆಮ್ಮೆಯಿಂದ ಹೇಳಿಕೊಂಡರು.

ಇಷ್ಟು ಕೇಳಿ ಎದೆ ಉಬ್ಬಿಸಿ 'ಹಿಮಾಲಯದಲ್ಲಿ ಕನ್ನಡಿಗರ ಆಳ್ವಿಕೆ' ಎಂದು ಗೋಡೆ ಬರಹ ಬರೆಯಲು ಹೊರಡಬೇಡಿ. ಸ್ವಲ್ಪ ತಡೆಯಿರಿ. ಕರ್ನಾಟ ಎಂಬ ಹೆಸರು ಅಲ್ಲಿ ಉಳಿಯಿತು. ಕನ್ನಡ ಉಳಿಯಿತೆ? ಆ ಅರಸರು ಸಂಸ್ಕೃತದಲ್ಲಿ ಬರೆದರು, ಮೈಥಿಲಿಯಲ್ಲಿ ಹಾಡಿದರು, ಕೊನೆಗೆ ನೇವಾರರ ನುಡಿಯಲ್ಲಿ ನಾಟಕ ಆಡಿಸಿದರು. ಬಿರುದಾವಳಿಯಲ್ಲಿ ಮಾತ್ರ ಕರ್ನಾಟ. ಸಿಂಹಾಸನದ ಮೇಲೆ ಕೂತಿದ್ದರೂ ಅವರ ಹಿರಿಯರ ನುಡಿ ಅವರ ಮನೆಯಲ್ಲಿ ಉಳಿಯಲಿಲ್ಲ. ಯಾಕೆಂದರೆ ಅದನ್ನು ಆಡುವ ಒಕ್ಕಲು, ಅಂಗಡಿ, ಓಣಿ ಅಲ್ಲಿರಲಿಲ್ಲ. ಈ ಮಾತನ್ನು ನೆನಪಿಡಿ. ಸಿಂಹಾಸನ ಹೋದ ಮೇಲೂ ನೇವಾರರ ನುಡಿ ಹೇಗೆ ಉಳಿಯಿತು ಎಂಬುದನ್ನು ಇನ್ನು ಹೇಳುತ್ತೇನೆ.

ಪಶುಪತಿನಾಥನ ಮುಖ್ಯ ಅರ್ಚಕರಾಗಿ ನಮ್ಮ ಕಡೆಯ ಭಟ್ಟರು ಹೋಗುವ ಸಂಪ್ರದಾಯವೂ ನಿಮಗೆ ಗೊತ್ತಿರಬಹುದು. ಅದೂ ನಿಜವಾದ ನಂಟೇ. ಆದರೆ ಅಲ್ಲಿಯೂ ಗರ್ಭಗುಡಿಯಲ್ಲಿ ಮೊಳಗುವುದು ಸಂಸ್ಕೃತ.

ಮಲ್ಲರ ಕಾಲ ಆ ನುಡಿಯ ಸುಗ್ಗಿಯ ಕಾಲ. 1482ರ ನಂತರ ರಾಜ್ಯ ಮೂರು ಹೋಳಾಯಿತು. ಮೂರು ಊರಿನ ಅರಸರು ಜಗಳಾಡಿದರು, ಜೊತೆಗೆ ಪೈಪೋಟಿಯ ಮೇಲೆ ಗುಡಿ ಕಟ್ಟಿಸಿದರು, ನಾಟಕ ಬರೆದರು. ಪಾಟನ್ನಿನ ಸಿದ್ಧಿನರಸಿಂಹ ಮಲ್ಲ 1641ರಲ್ಲಿ ಶುರುಮಾಡಿದ 'ಕಾರ್ತಿಕ ನಾಚ್' ಇವತ್ತಿಗೂ ನಡೆಯುತ್ತದೆ. ಕಠ್ಮಂಡುವಿನ ಪ್ರತಾಪ ಮಲ್ಲ 1654ರಲ್ಲಿ ಅರಮನೆಯ ಗೋಡೆಗೆ ಹದಿನೈದು ಲಿಪಿ, ಭಾಷೆಗಳ ಶಾಸನ ಹಾಕಿಸಿದ. ಅದರಲ್ಲಿ ಫ್ರೆಂಚ್ ಪದವೂ ಇದೆ! ಪರಭಾಷೆ ಕಂಡರೆ ಹೆದರದ ಕಾಲ ಅದು. ತನ್ನ ನುಡಿ ಗಟ್ಟಿ ಇದ್ದವನು ಬೇರೆ ನುಡಿಗೆ ಬಾಗಿಲು ತೆರೆಯಲು ಅಂಜುವುದಿಲ್ಲ.

ಹೆಸರು ಹೋದದ್ದು ಹೀಗೆ

1768ರ ಇಂದ್ರಜಾತ್ರೆಯ ದಿನ. ಊರಿಗೆ ಊರೇ ಜಾತ್ರೆಯಲ್ಲಿ ಮುಳುಗಿತ್ತು. ಪಶ್ಚಿಮದ ಗೋರ್ಖಾದಿಂದ ಬಂದ ಪೃಥ್ವಿನಾರಾಯಣ ಶಾಹ ಅಂದು ಕಠ್ಮಂಡು ಹಿಡಿದ. ಪಾಟನ್ ಅದೇ ವರ್ಷ, ಭಕ್ತಪುರ 1769ರಲ್ಲಿ ಬಿತ್ತು. ಗೆದ್ದವರ ನುಡಿಗೆ ಆಗ ಹೆಸರು ಖಸ್ ಕುರಾ, ಗೋರ್ಖಾಲಿ. ಕಣಿವೆ ಗೆದ್ದವರು ಕಣಿವೆಯ ಹೆಸರನ್ನೂ ತೆಗೆದುಕೊಂಡರು. ನಿಧಾನವಾಗಿ ಇಡೀ ರಾಜ್ಯ 'ನೇಪಾಳ' ಆಯಿತು. ಭಾಷೆಯ ಹೆಸರು ಬದಲಾಗುವುದಕ್ಕೆ ಇನ್ನಷ್ಟು ಕಾಲ ಹಿಡಿಯಿತು. 1913ರಲ್ಲಿ ಸರ್ಕಾರ ಪುಸ್ತಕ ಹೊರತರಲು ಮಾಡಿದ ಸಮಿತಿಯ ಹೆಸರು 'ಗೋರ್ಖಾ ಭಾಷಾ ಪ್ರಕಾಶಿನಿ ಸಮಿತಿ'. 1930ರ ದಶಕದಲ್ಲಿ ಅದೇ ಸಮಿತಿ 'ನೇಪಾಳಿ ಭಾಷಾ ಪ್ರಕಾಶಿನಿ ಸಮಿತಿ' ಆಯಿತು. ನಿಜವಾದ ನೇಪಾಳ ಭಾಷೆಗೆ ಉಳಿದ ಹೆಸರು 'ನೇವಾರಿ', ಅದೂ ಹೊರಗಿನ ವಿದ್ವಾಂಸರು ಬಳಕೆಗೆ ತಂದದ್ದು. ಮನೆ ಕಟ್ಟಿದವನನ್ನೇ ಹೊರಗೆ ನಿಲ್ಲಿಸಿ, ಬಾಗಿಲ ಮೇಲಿನ ಹೆಸರಿನ ಹಲಗೆ ಬದಲಾಯಿಸಿದ ಹಾಗೆ.

ರಾಣಾಗಳ ಕಾಲದಲ್ಲಿ ಪೆಟ್ಟು ಇನ್ನೂ ಬಿರುಸಾಯಿತು. ಇಪ್ಪತ್ತನೆಯ ಶತಮಾನದ ಮೊದಲ ದಶಕದಲ್ಲಿ, ಚಂದ್ರ ಶಮ್ಶೇರನ ಆಳ್ವಿಕೆಯಲ್ಲಿ, ನೇಪಾಳ ಭಾಷೆಯಲ್ಲಿ ಬರೆದ ಕಾಗದಪತ್ರ ಕೋರ್ಟಿನಲ್ಲಿ ನಡೆಯುವುದಿಲ್ಲ ಎಂದಾಯಿತು. ಯೋಚಿಸಿ ನೋಡಿ. ಅಜ್ಜ ಬರೆಸಿಟ್ಟ ಸಾಲಪತ್ರ, ಹೊಲದ ಕ್ರಯಪತ್ರದ ನುಡಿಗೆ ಒಂದು ಬೆಳಿಗ್ಗೆ ಬೆಲೆ ಇಲ್ಲ ಎಂದರೆ ಏನಾಗುತ್ತದೆ? ಭಾಷೆಯನ್ನು ಕೊಲ್ಲಲು ನಾಲಗೆ ಕತ್ತರಿಸಬೇಕಿಲ್ಲ. ಆಸ್ತಿಪತ್ರದಿಂದ ತೆಗೆದರೆ ಸಾಕು. ಹೊಟ್ಟೆಪಾಡಿಗೆ ಜನ ತಾವಾಗಿಯೇ ಬೇರೆ ನುಡಿಯ ಬಾಗಿಲಿಗೆ ಹೋಗುತ್ತಾರೆ.

ಕತ್ತಲಲ್ಲಿ ಬರೆದವರು

ಇಂಥ ಹೊತ್ತಿನಲ್ಲಿ ನಾಲ್ಕು ಜನ ಎದ್ದರು. ಇವರನ್ನು ನೇಪಾಳ ಭಾಷೆಯ ನಾಲ್ಕು ಕಂಬಗಳು ಎನ್ನುತ್ತಾರೆ. ನಿಷ್ಠಾನಂದ ವಜ್ರಾಚಾರ್ಯ 1909ರಲ್ಲಿ ಅಚ್ಚಿನ ಮೊಳೆ ಜೋಡಿಸಿ ಆ ನುಡಿಯ ಮೊದಲ ಪುಸ್ತಕ ಮುದ್ರಿಸಿದರು. ಸಿದ್ಧಿದಾಸ ಮಹಾಜು ರಾಮಾಯಣ ಬರೆದರು. ಜಗತ್‌ಸುಂದರ ಮಲ್ಲ ಭಕ್ತಪುರದ ತಮ್ಮ ಮನೆಯನ್ನೇ ಶಾಲೆ ಮಾಡಿ, ಮಕ್ಕಳಿಗೆ ಯಾವ ವಿದ್ಯೆಯನ್ನಾದರೂ ಅವರ ತಾಯ್ನುಡಿಯಲ್ಲೇ ಕಲಿಸಬೇಕು ಎಂದು ಹಟ ಹಿಡಿದರು. ಇಂಗ್ಲಿಷ್ ಬೇಡ ಎಂದವರಲ್ಲ ಅವರು. ಇಂಗ್ಲಿಷನ್ನೂ ತಾಯ್ನುಡಿಯ ಮೂಲಕ ಕಲಿಸಿ ಎಂದವರು. ಯೋಗವೀರ ಸಿಂಹ ಕಂಸಾಕಾರರ ಬಟ್ಟೆ ಅಂಗಡಿ ಕವಿಗಳ ಕಟ್ಟೆಯಾಯಿತು. ಒಬ್ಬ ಪುರೋಹಿತ, ಒಬ್ಬ ಕವಿ, ಒಬ್ಬ ಮೇಷ್ಟ್ರು, ಒಬ್ಬ ಬಟ್ಟೆ ವ್ಯಾಪಾರಿ. ಇವರ ಕೈಯಲ್ಲಿ ಅಧಿಕಾರ ಇರಲಿಲ್ಲ.

ನಾಡಿನೊಳಗೆ ಅಚ್ಚು ಹಾಕಲು ಬಿಡದಿದ್ದಾಗ ಹೊರಗೆ ಹೋದರು. 1925ರಲ್ಲಿ ಧರ್ಮಾದಿತ್ಯ ಧರ್ಮಾಚಾರ್ಯ ಕಲ್ಕತ್ತೆಯಿಂದ ಆ ನುಡಿಯ ಮೊದಲ ಪತ್ರಿಕೆ ಹೊರತಂದರು. ಫತ್ತೆ ಬಹಾದುರ್ ಸಿಂಹ 1939ರಲ್ಲಿ ಬಿಹಾರದ ಬೇತಿಯಾದಲ್ಲಿ ಒಂದು ಕವನ ಸಂಕಲನ ಅಚ್ಚು ಹಾಕಿಸಿದರು. ಪುಸ್ತಕ ಮುಟ್ಟುಗೋಲಾಯಿತು, ಅವರಿಗೆ ಜೀವಾವಧಿ ಶಿಕ್ಷೆಯಾಯಿತು. ಕವನ ಸಂಕಲನಕ್ಕೆ ಜೀವಾವಧಿ, ಗೆಳೆಯರೇ! 1941ರಲ್ಲಿ ರಾಣಾ ಸರ್ಕಾರ ನಾಲ್ವರು ಹೋರಾಟಗಾರರನ್ನು ಕೊಂದಿತು. ಅವರಲ್ಲಿ ಒಬ್ಬರಾದ ಶುಕ್ರರಾಜ ಶಾಸ್ತ್ರಿ ನೇಪಾಳ ಭಾಷೆಗೆ ವ್ಯಾಕರಣ ಬರೆದವರು.

ಅದೇ 1941ರಲ್ಲಿ ಚಿತ್ತಧರ 'ಹೃದಯ' ಎಂಬ ಕವಿ ಜೈಲಿಗೆ ಹೋದರು. ಅಪರಾಧ: ತಾಯಿಯ ಮೇಲೆ ಕವಿತೆ ಬರೆದದ್ದು. ಆ ತಾಯಿ ಯಾರು ಎಂಬುದು ಆಳುವವರಿಗೆ ಚೆನ್ನಾಗಿ ಅರ್ಥವಾಗಿತ್ತು! ಜೈಲಿನಲ್ಲಿ ಅವರು ಕದ್ದುಮುಚ್ಚಿ ಬುದ್ಧನ ಬಾಳನ್ನು ಕುರಿತು ಮಹಾಕಾವ್ಯ ಬರೆದರು. ಅದೇ 'ಸುಗತ ಸೌರಭ'. ಹಾಳೆಗಳು ಗುಟ್ಟಾಗಿ ಹೊರಗೆ ಸಾಗಿದವು. 1949ರಲ್ಲಿ ಕಲ್ಕತ್ತೆಯಲ್ಲಿ ಅಚ್ಚಾಯಿತು. ಅವರ ತಂಗಿ ಮೋತಿಲಕ್ಷ್ಮಿ ಕೂಡ ಆಧುನಿಕ ನೇಪಾಳ ಭಾಷೆಯ ಮೊದಲ ಲೇಖಕಿಯರಲ್ಲಿ ಒಬ್ಬರು. 1944ರಲ್ಲಿ ಬೌದ್ಧ ಭಿಕ್ಷುಗಳನ್ನು ದೇಶದಿಂದ ಹೊರಹಾಕಿದರು. ಅವರು ಸಾರನಾಥ, ಕಾಲಿಂಪಾಂಗ್‌ಗಳಲ್ಲಿ ಸಂಘ ಕಟ್ಟಿ, ಪತ್ರಿಕೆ ನಡೆಸಿದರು.

ರಾಣಾಗಳು 1951ರಲ್ಲಿ ಹೋದರು. ರೇಡಿಯೋ ನೇಪಾಳದಲ್ಲಿ ಆ ನುಡಿ ಕೇಳಿಸಿತು. ಆದರೆ ಅದೂ ನಾಲ್ಕು ದಿನದ ಸಂಭ್ರಮ. ರಾಜ ಮಹೇಂದ್ರನ ಪಂಚಾಯತ್ ವ್ಯವಸ್ಥೆ 'ಒಂದೇ ಭಾಷೆ, ಒಂದೇ ವೇಷ, ಒಂದೇ ದೇಶ' ಎಂಬ ಘೋಷಣೆ ತಂದಿತು. 1965ರಲ್ಲಿ ರೇಡಿಯೋದಿಂದ ನೇಪಾಳ ಭಾಷೆ ಹೊರಬಿತ್ತು. ಜನ ಏನು ಮಾಡಿದರು? ಓಣಿ ಓಣಿಗಳಲ್ಲಿ ಕವಿಗೋಷ್ಠಿ ಮಾಡಿದರು. ರೇಡಿಯೋ ಕಿತ್ತುಕೊಂಡರೆ ನಮ್ಮ ಗಂಟಲು ಕಿತ್ತುಕೊಳ್ಳಲಾದೀತೆ ಎಂದರು.

1990ರಲ್ಲಿ ಪ್ರಜಾಪ್ರಭುತ್ವ ಬಂದ ಮೇಲೆ ರೇಡಿಯೋಗೆ ನುಡಿ ಮರಳಿತು. 1995ರಲ್ಲಿ ಸರ್ಕಾರವೇ 'ನೇವಾರಿ' ಬಿಟ್ಟು 'ನೇಪಾಳ ಭಾಷೆ' ಎಂಬ ಹೆಸರನ್ನು ಒಪ್ಪಿತು. 1997ರಲ್ಲಿ ಕಠ್ಮಂಡು ನಗರಪಾಲಿಕೆ ನೇಪಾಳಿಯ ಜೊತೆಗೆ ನೇಪಾಳ ಭಾಷೆಯನ್ನೂ ಕಚೇರಿಯಲ್ಲಿ ಬಳಸಲು ತೀರ್ಮಾನಿಸಿತು. ತರಾಯಿಯ ಧನುಷಾ ಜಿಲ್ಲೆ, ರಾಜಬಿರಾಜ್ ಪಟ್ಟಣಗಳು ಮೈಥಿಲಿಗೆ ಅದೇ ಸ್ಥಾನ ಕೊಟ್ಟವು. 1999ರ ಜೂನ್ 1ರಂದು ಸರ್ವೋಚ್ಚ ನ್ಯಾಯಾಲಯ ಇದು ಸಂವಿಧಾನಬಾಹಿರ ಎಂದಿತು. ಆ ದಿನವನ್ನು ಭಾಷಾ ಹೋರಾಟಗಾರರು ಕರಾಳ ದಿನವಾಗಿ ಆಚರಿಸಿದರು. ಗಮನಿಸಿ, ನೇವಾರರು ಮತ್ತು ಮೈಥಿಲರು ಪರಸ್ಪರ ಕಾಲೆಳೆಯಲಿಲ್ಲ, ಒಂದಾಗಿ ಬೀದಿಗಿಳಿದರು.

2015ರ ಸಂವಿಧಾನ ನೇಪಾಳದ ಎಲ್ಲ ಮಾತೃಭಾಷೆಗಳೂ ರಾಷ್ಟ್ರಭಾಷೆಗಳು ಎಂದಿತು. ಪ್ರಾಂತ್ಯಗಳು ತಮ್ಮ ಜನರ ನುಡಿಯನ್ನೂ ಆಡಳಿತ ಭಾಷೆ ಮಾಡಿಕೊಳ್ಳಬಹುದು ಎಂದಿತು. 2021ರಲ್ಲಿ ಭಾಷಾ ಆಯೋಗ ಬಾಗ್ಮತಿ ಪ್ರಾಂತ್ಯಕ್ಕೆ ತಮಾಂಗ್ ಮತ್ತು ನೇಪಾಳ ಭಾಷೆಗಳನ್ನು ಶಿಫಾರಸು ಮಾಡಿತು. ನಮ್ಮ ಭಾರತದ ಸಿಕ್ಕಿಂ ರಾಜ್ಯ ಈ ನುಡಿಗೆ 1995ರಲ್ಲೇ ಆಡಳಿತ ಭಾಷೆಯ ಮನ್ನಣೆ ಕೊಟ್ಟಿತ್ತು.

ನುಡಿಯ ಬೆನ್ನಿಗೆ ನಿಂತ ಗುಠಿ

ಸಿಂಹಾಸನ ಇಲ್ಲದೆ, ಕೋರ್ಟು ಕಚೇರಿ ಇಲ್ಲದೆ ಇನ್ನೂರೈವತ್ತು ವರ್ಷ ಈ ನುಡಿ ಬದುಕಿದ್ದು ಹೇಗೆ? ಒಂದು ಉತ್ತರ: ಗುಠಿ. ಗುಠಿ ಎಂದರೆ ಮನೆತನಗಳ, ಓಣಿಗಳ, ಕಸುಬುಗಳ ಕೂಟ. ಗುಡಿಯ ದೀಪಕ್ಕೆ, ಜಾತ್ರೆಯ ತೇರಿಗೆ, ಹೆಣ ಹೊರುವುದಕ್ಕೆ, ವರ್ಷದ ಊಟಕ್ಕೆ ಒಂದೊಂದು ಗುಠಿ. ಖರ್ಚಿಗೆ ಹಿರಿಯರು ಬಿಟ್ಟುಹೋದ ಜಮೀನು. ಗುಠಿಯ ಸಭೆ, ಹಾಡು, ಜಗಳ ಎಲ್ಲ ತಮ್ಮ ನುಡಿಯಲ್ಲೇ. ಹೆಣ ಹೊರಲು ನಾಲ್ಕು ಜನ ಬೇಕಾದಾಗ ನೆರೆಯವನೊಂದಿಗೆ ಯಾವ ನುಡಿ ಆಡುತ್ತೀರೋ ಅದು ಅಷ್ಟು ಸುಲಭಕ್ಕೆ ಸಾಯುವುದಿಲ್ಲ. 2019ರಲ್ಲಿ ಗುಠಿಗಳ ಹಿಡಿತ ಸರ್ಕಾರದ ಕೈಗೆ ಹೋಗುವಂಥ ಮಸೂದೆ ಬಂದಾಗ ಕಠ್ಮಂಡುವಿನ ಬೀದಿ ತುಂಬಿ ಹರಿಯಿತು. ಸರ್ಕಾರ ಮಸೂದೆ ವಾಪಸು ಪಡೆಯಿತು.

ಆ ನುಡಿ ಹೋದರೆ ಏನು ಹೋಗುತ್ತದೆ ಎಂದು ಕೇಳುವವರಿಗೆ ಒಂದೇ ಉದಾಹರಣೆ. 'ನಾನು ಹೋದೆ' ಎನ್ನಲು ಅವರು 'ಜಿ ವನಾ' ಎನ್ನುತ್ತಾರೆ. 'ಅವನು ಹೋದ' ಎನ್ನಲು 'ವ ವನ'. 'ನೀನು ಹೋದೆ' ಎಂದು ಹೇಳುವಾಗಲೂ 'ಛ ವನ'. ಆದರೆ 'ನೀನು ಹೋದೆಯಾ?' ಎಂದು ಕೇಳುವಾಗ ಮತ್ತೆ 'ವನಾ' ಬರುತ್ತದೆ: 'ಛ ವನಾ ಲಾ?' ಯಾಕೆ? ನನ್ನ ಮನಸ್ಸು ನನಗೆ ಗೊತ್ತು, ನಿನ್ನದು ನನಗೆ ಗೊತ್ತಿಲ್ಲ. ಪ್ರಶ್ನೆ ಕೇಳಿದಾಗ ನಿನ್ನ ಮನಸ್ಸು ಬಲ್ಲವನು ನೀನು. ಬೇಕೆಂದು ಮಾಡಿದ್ದಕ್ಕೂ ತಿಳಿಯದೆ ಆದದ್ದಕ್ಕೂ ಕ್ರಿಯಾಪದವೇ ಬೇರೆ. ಇನ್ನೊಬ್ಬನ ಮನಸ್ಸಿನೊಳಗೆ ಹೊಕ್ಕು ಮಾತಾಡಬೇಡ ಎಂಬ ಮರ್ಯಾದೆಯನ್ನು ವ್ಯಾಕರಣದಲ್ಲೇ ಇಟ್ಟುಕೊಂಡ ನುಡಿ ಅದು. ಪಂಡಿತರು ಇದನ್ನು ಜಗತ್ತಿಗೆ ತಿಳಿಸಿದ್ದು ಇಪ್ಪತ್ತನೆಯ ಶತಮಾನದ ಕೊನೆಯ ಭಾಗದಲ್ಲಿ. ಅಲ್ಲಿನ ಅಜ್ಜಿಯರು ದಿನವೂ ಆಡುತ್ತಲೇ ಇದ್ದರು.

ಈಗ ಕಹಿ ಮಾತು

ಇಷ್ಟು ಹೇಳಿ ಚಪ್ಪಾಳೆ ಹೊಡೆಸಿಕೊಂಡು ಇಳಿಯಬಹುದಿತ್ತು. ಆದರೆ ಕತೆ ಅಲ್ಲಿಗೆ ಮುಗಿದಿಲ್ಲ. 2011ರ ಜನಗಣತಿಯಲ್ಲಿ ನೇವಾರರು 13 ಲಕ್ಷ 21 ಸಾವಿರ. ನೇಪಾಳ ಭಾಷೆ ತಮ್ಮ ತಾಯ್ನುಡಿ ಎಂದವರು 8 ಲಕ್ಷ 46 ಸಾವಿರ. 2021ರಲ್ಲಿ 13 ಲಕ್ಷ 41 ಸಾವಿರ ನೇವಾರರು, 8 ಲಕ್ಷ 63 ಸಾವಿರ ನುಡಿಯಾಡುವವರು. ಅಂದರೆ ಮೂರರಲ್ಲಿ ಒಬ್ಬರಿಗಿಂತ ಹೆಚ್ಚು ನೇವಾರರಿಗೆ ನೇವಾರ ನುಡಿ ತಾಯ್ನುಡಿಯಲ್ಲ.

ಇವರು ಬಡಪಾಯಿ ಜನ ಅಂದುಕೊಂಡಿರಾ? ಅಲ್ಲ. ನೇವಾರರಲ್ಲಿ ಲ್ಹಾಸಾದವರೆಗೆ ವ್ಯಾಪಾರ ಮಾಡಿದ ಸಾಹುಕಾರರಿದ್ದರು, ರಾಣಾಗಳ ಕಚೇರಿಗಳಲ್ಲಿ ಅಧಿಕಾರಿಗಳಿದ್ದರು. ರಾಜಧಾನಿಯ ಹಳೆಯ ಪೇಟೆಯ ನಡುವೆ ಅವರದೇ ಮನೆಗಳು. ದುಡ್ಡಿತ್ತು, ಓದಿತ್ತು, ಜಾಗ ಇತ್ತು. ಆದರೂ ನುಡಿ ಮೊದಲು ಜಾರಿದ್ದು ಓದಿದ, ಉಳ್ಳವರ ಮನೆಗಳಲ್ಲೇ. ಮಗು ಶಾಲೆಯಲ್ಲಿ ಹಿಂದೆ ಬೀಳಬಾರದೆಂದು ಅಪ್ಪ ಅಮ್ಮ ಮನೆಯಲ್ಲಿ ನೇಪಾಳಿ ಆಡಿದರು. ಈಗ ಇಂಗ್ಲಿಷ್ ಶಾಲೆಯ ಹುಚ್ಚು ಸೇರಿದೆ. ನುಡಿಯನ್ನು ಗಟ್ಟಿಯಾಗಿ ಹಿಡಿದವರು ಜ್ಯಾಪುಗಳು, ಅಂದರೆ ರೈತರು, ಭಕ್ತಪುರದಂಥ ಊರಿನ ಒಕ್ಕಲು ಮಕ್ಕಳು. ಪೇಟೆಯ ಜನ ಯಾರನ್ನು ಹಳ್ಳಿ ಗಮಾರರು ಎಂದು ನಗುತ್ತಾರೋ ಅವರು.

2020ರಲ್ಲಿ ಕಠ್ಮಂಡು ಮಹಾನಗರಪಾಲಿಕೆ ಎಂಟನೇ ತರಗತಿವರೆಗೆ ನೇಪಾಳ ಭಾಷೆಯ ಪಾಠ ಕಡ್ಡಾಯ ಮಾಡಿತು. ಒಳ್ಳೆಯದೇ. ಆದರೆ ವಾರಕ್ಕೆ ಕೆಲವು ಗಂಟೆ ಪಾಠ ಕೇಳಿದ ಮಗು ಮನೆಗೆ ಬಂದು ಯಾರ ಜೊತೆ ಆ ನುಡಿ ಆಡಬೇಕು? ಅಮ್ಮ ಅಪ್ಪ ಬೇರೆ ನುಡಿಯಲ್ಲಿ ಕರೆದರೆ ಪಾಠ ಪುಸ್ತಕದಲ್ಲೇ ಉಳಿಯುತ್ತದೆ.

ಇನ್ನೊಂದು ಮಾತು. ನೇಪಾಳಿ ಭಾಷೆಯನ್ನು ಖಳನಾಯಕ ಮಾಡಿ ಮನೆಗೆ ಹೋಗಬೇಡಿ. ಅದೇ ನೇಪಾಳಿ ನಮ್ಮ ಡಾರ್ಜಿಲಿಂಗ್ ಬೆಟ್ಟದ ನುಡಿ, ಬಂಗಾಳ ರಾಜ್ಯದಲ್ಲಿ ಅಲ್ಪಸಂಖ್ಯಾತರ ನುಡಿ. ಅಲ್ಲಿ ಅದು ದಶಕಗಳ ಕಾಲ ಹೋರಾಡಿ 1992ರಲ್ಲಿ ಕೊಂಕಣಿ, ಮಣಿಪುರಿಗಳ ಜೊತೆ ಸಂವಿಧಾನದ ಎಂಟನೇ ಪರಿಚ್ಛೇದ ಸೇರಿತು. 2017ರಲ್ಲಿ ಬಂಗಾಳದ ಶಾಲೆಗಳಲ್ಲಿ ಬಂಗಾಳಿ ಕಡ್ಡಾಯ ಎಂಬ ಮಾತು ಬಂದಾಗ ಆ ಬೆಟ್ಟ ಮತ್ತೆ ಹೊತ್ತಿ ಉರಿಯಿತು. ಒಂದೇ ನುಡಿ ಬೆಟ್ಟದ ಈಚೆ ತುಳಿಸಿಕೊಂಡದ್ದು, ಆಚೆ ತುಳಿದದ್ದು. ತುಳಿಯುವುದು ನುಡಿಯ ಗುಣವಲ್ಲ, ಅಧಿಕಾರದ ಗುಣ. ಅಧಿಕಾರ ಕೈಗೆ ಬಂದಾಗ ಪಕ್ಕದ ಸಣ್ಣ ನುಡಿಯನ್ನು ಹೇಗೆ ನೋಡಿಕೊಳ್ಳುತ್ತೀರಿ ಎಂಬುದೇ ನಿಮ್ಮ ಭಾಷಾಭಿಮಾನದ ಪರೀಕ್ಷೆ.

ಗೆಳೆಯರೇ, ನೀವು ಪೇಟೆಯ ಹುಡುಗ ಹುಡುಗಿಯರು. ನಾಳೆ ಅಪ್ಪ ಅಮ್ಮ ಆಗುವವರು. ಕರ್ನಾಟ ವಂಶದವರ ಕೈಯಲ್ಲಿ ಸಿಂಹಾಸನ ಇತ್ತು, ಬೆನ್ನ ಹಿಂದೆ ಓಣಿ ಇರಲಿಲ್ಲ, ನುಡಿ ಹೋಯಿತು. ನೇವಾರರ ಸಿಂಹಾಸನ ಹೋಯಿತು, ಓಣಿ ಇತ್ತು, ನುಡಿ ಉಳಿಯಿತು. ರಾಣಾಗಳ ಜೈಲಿಗೆ ಬಗ್ಗದ ಆ ನುಡಿ ಈಗ ಬೆದರಿ ನಿಂತಿರುವುದು ಅಡುಗೆಮನೆಯ ಮುಂದೆ. ಅಲ್ಲಿ ಪೊಲೀಸರಿಲ್ಲ, ಕೋರ್ಟಿಲ್ಲ. ಊಟಕ್ಕೆ ಬಾ ಎಂದು ಮಗುವನ್ನು ಯಾವ ನುಡಿಯಲ್ಲಿ ಕರೆಯಬೇಕೆಂದು ಅಲ್ಲಿ ಯಾವ ಸರ್ಕಾರವೂ ಆಜ್ಞೆ ಮಾಡುವುದಿಲ್ಲ. ಕಠ್ಮಂಡುವಿನ ತಾಯಂದಿರು ಅದಕ್ಕೆ ಏನು ಉತ್ತರ ಕೊಡುತ್ತಾರೋ ಅವರಿಗೆ ಬಿಟ್ಟದ್ದು. ನಿಮ್ಮ ಮನೆಯ ಉತ್ತರವನ್ನು ನೀವು ಕೊಡಿ.